ಸಾಲದ ದಾವೆಯಲ್ಲಿ ವಾಸ್ತವಾಂಶದ ತೀರ್ಮಾನವನ್ನು ಪ್ರಶ್ನಿಸುವುದು: ಮೇಲ್ಮನವಿಯ ದಾರಿ ಮತ್ತು ಅದರ ಮಿತಿಗಳು

ಹಣ ಕೊಟ್ಟಿದ್ದೇನೆ ಎಂದು ಒಬ್ಬರು, ತೆಗೆದುಕೊಂಡೇ ಇಲ್ಲ ಅಥವಾ ತೀರಿಸಿಯಾಗಿದೆ ಎಂದು ಇನ್ನೊಬ್ಬರು ಹೇಳುವ ಸಾಲದ ದಾವೆಗಳಲ್ಲಿ ಜಗಳವೆಲ್ಲ ಬಹುಮಟ್ಟಿಗೆ ವಾಸ್ತವಾಂಶಗಳ ಸುತ್ತಲೇ ಇರುತ್ತದೆ. ಪ್ರೋನೋಟಿನ ಮೇಲಿನ ಸಹಿ ಯಾರದು, ಹಣ ನಿಜಕ್ಕೂ ಕೈಸೇರಿತೇ, ಅಸಲಿನಲ್ಲಿ ಎಷ್ಟು ತೀರಿದೆ, ಬಡ್ಡಿ ಎಷ್ಟೆಂದು ಮಾತಾಗಿತ್ತು ಎಂಬುದನ್ನೆಲ್ಲ ಸಾಕ್ಷ್ಯ ನೋಡಿಯೇ ನಿರ್ಧರಿಸಬೇಕು. ಈ ಸಂಗತಿಗಳನ್ನು ಪ್ರತಿ ಮೆಟ್ಟಿಲಿನಲ್ಲೂ ಹೊಸದಾಗಿ ತೂಗಿ ನೋಡಲು ಸಿವಿಲ್ ಪ್ರಕ್ರಿಯಾ ಸಂಹಿತೆ, 1908 ಅವಕಾಶ ಕೊಡುವುದಿಲ್ಲ. ವಿಚಾರಣಾ ನ್ಯಾಯಾಲಯ ಒಮ್ಮೆ ತೂಗುತ್ತದೆ, ಮೊದಲ ಮೇಲ್ಮನವಿ ನ್ಯಾಯಾಲಯ ಇನ್ನೊಮ್ಮೆ ತೂಗುತ್ತದೆ. ಅದರಾಚೆಗೆ ಕೇಳುವುದು ಕಾನೂನಿನ ಪ್ರಶ್ನೆಗಳನ್ನು ಮಾತ್ರ. ಇದು ತಿಳಿಯದೆ, ಕೆಳಗಿನ ಎರಡು ನ್ಯಾಯಾಲಯಗಳಲ್ಲಿ ಅರೆಮನಸ್ಸಿನಿಂದ ನಡೆಸಿದ ವ್ಯಾಜ್ಯವನ್ನು ಹೈಕೋರ್ಟಿನಲ್ಲಿ ಸರಿಪಡಿಸಿಕೊಳ್ಳಬಹುದೆಂದು ನಂಬಿ ಸಾಲಕ್ಕಿಂತ ಹೆಚ್ಚು ಹಣವನ್ನು ಓಡಾಟಕ್ಕೇ ಸುರಿಯುವವರು ಇದ್ದಾರೆ. ಕರ್ನಾಟಕದ ಸಿವಿಲ್ ನ್ಯಾಯಾಲಯಗಳಲ್ಲಿ ಇಂಥ ದಾವೆಯ ವಾದಿ ಅಥವಾ ಪ್ರತಿವಾದಿಯಾಗಿರುವವರು ಯಾವ ಹಂತದಲ್ಲಿ ಏನು ಮಾಡಬೇಕು, ಎಲ್ಲಿ ನಿಲ್ಲಬೇಕು ಎಂಬುದನ್ನು ಇಲ್ಲಿ ಕ್ರಮವಾಗಿ ವಿವರಿಸಲಾಗಿದೆ.

ನಿಮ್ಮ ವ್ಯಾಜ್ಯ ಯಾವ ದಾರಿಯಲ್ಲಿದೆ ಎಂದು ಮೊದಲು ಗುರುತಿಸಿ

ಎಲ್ಲ ಸಾಲದ ವ್ಯಾಜ್ಯಗಳೂ ಒಂದೇ ದಾರಿಯಲ್ಲಿ ಸಾಗುವುದಿಲ್ಲ. ಬ್ಯಾಂಕು ಅಥವಾ ಹಣಕಾಸು ಸಂಸ್ಥೆಗೆ 20 ಲಕ್ಷ ರೂಪಾಯಿ ಅಥವಾ ಅದಕ್ಕಿಂತ ಹೆಚ್ಚು ಬಾಕಿಯಿದ್ದರೆ ಪ್ರಕರಣ 1993ರ ಕಾಯಿದೆಯಂತೆ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗುತ್ತದೆ. ಅಲ್ಲಿನ ಆದೇಶದ ಮೇಲೆ ಮೇಲ್ಮನವಿಗೆ 30 ದಿನಗಳ ಗಡುವಿದೆ. ಸಾಲಗಾರ ಮೇಲ್ಮನವಿ ಹೂಡುವುದಾದರೆ ನಿರ್ಧರಿತ ಮೊತ್ತದ ಶೇ. 50ರಷ್ಟನ್ನು ಠೇವಣಿ ಇಡಬೇಕು, ಮೇಲ್ಮನವಿ ನ್ಯಾಯಮಂಡಳಿ ಕಾರಣ ದಾಖಲಿಸಿ ಅದನ್ನು ಶೇ. 25ರವರೆಗೆ ಇಳಿಸಬಹುದು. ಸಹಕಾರ ಸಂಘ ಮತ್ತು ಅದರ ಸದಸ್ಯರ ನಡುವಿನ ಸಾಲದ ವಿವಾದ ಕರ್ನಾಟಕ ಸಹಕಾರ ಸಂಘಗಳ ಕಾಯಿದೆ, 1959ರ 70ನೇ ಕಲಮಿನಡಿ ಬರುತ್ತದೆ. ಚೆಕ್ ಅಮಾನ್ಯಕ್ಕೆ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯಿದೆಯ 138ನೇ ಕಲಮಿನಡಿ ಹೂಡುವ ಪ್ರಕರಣ ಕ್ರಿಮಿನಲ್ ಸ್ವರೂಪದ್ದಾಗಿದ್ದು, ಅದರ ಮೇಲ್ಮನವಿಯ ನಿಯಮಗಳೇ ಬೇರೆ. ವಾಣಿಜ್ಯ ನ್ಯಾಯಾಲಯಗಳ ಕಾಯಿದೆ, 2015ರ ವ್ಯಾಪ್ತಿಯ ದಾವೆಗೆ ಮೇಲ್ಮನವಿಯ ಗಡುವು 60 ದಿನ. ಈ ಲೇಖನದಲ್ಲಿ ಚರ್ಚಿಸಿರುವುದು ಇವುಗಳನ್ನು ಬಿಟ್ಟು, ಕೈಸಾಲ, ಪ್ರೋನೋಟು, ಸಾಲಪತ್ರ, ಖಾತೆ ವ್ಯವಹಾರ ಇತ್ಯಾದಿಗಳ ಆಧಾರದ ಮೇಲೆ ಸಾಮಾನ್ಯ ಸಿವಿಲ್ ನ್ಯಾಯಾಲಯದಲ್ಲಿ ಹೂಡುವ ಒ.ಎಸ್. (ಮೂಲ) ದಾವೆಗಳನ್ನು.

ಮೊದಲ ಮೇಲ್ಮನವಿ ಎಲ್ಲಿಗೆ ಎಂಬುದು ದಾವೆ ತೀರ್ಮಾನವಾದ ನ್ಯಾಯಾಲಯವನ್ನೂ ದಾವೆಯ ಮೌಲ್ಯವನ್ನೂ ಅವಲಂಬಿಸಿದೆ. ತಾಲ್ಲೂಕಿನ ಸಿವಿಲ್ ನ್ಯಾಯಾಧೀಶರ ಡಿಕ್ರಿಯ (ತೀರ್ಪಿನಂತೆ ಹೊರಡುವ ವಿಧ್ಯುಕ್ತ ಆದೇಶದ) ಮೇಲೆ ಹಿರಿಯ ಸಿವಿಲ್ ನ್ಯಾಯಾಧೀಶರ ಮುಂದೆ, ಹಿರಿಯ ಸಿವಿಲ್ ನ್ಯಾಯಾಧೀಶರ ಡಿಕ್ರಿಯ ಮೇಲೆ ಮೌಲ್ಯಕ್ಕನುಗುಣವಾಗಿ ಜಿಲ್ಲಾ ನ್ಯಾಯಾಲಯದಲ್ಲಿ ಅಥವಾ ಹೈಕೋರ್ಟಿನಲ್ಲಿ ಮೇಲ್ಮನವಿ ಹೂಡಬೇಕಾಗುತ್ತದೆ. ಬೆಂಗಳೂರಿನ ಸಿಟಿ ಸಿವಿಲ್ ನ್ಯಾಯಾಲಯದ ಡಿಕ್ರಿಯ ಮೇಲಿನ ಮೊದಲ ಮೇಲ್ಮನವಿ ನೇರವಾಗಿ ಹೈಕೋರ್ಟಿಗೆ, ಅಂದರೆ ರೆಗ್ಯುಲರ್ ಫಸ್ಟ್ ಅಪೀಲ್ ಎಂಬ ಆರ್‌ಎಫ್‌ಎ ರೂಪದಲ್ಲಿ ಹೋಗುತ್ತದೆ. ಬೆಂಗಳೂರಿನವರು ಇಲ್ಲಿ ಒಂದು ವಿಷಯವನ್ನು ಗಮನಿಸಬೇಕು. ಹೈಕೋರ್ಟಿನ ಏಕಸದಸ್ಯ ಪೀಠ ಆರ್‌ಎಫ್‌ಎ ತೀರ್ಮಾನಿಸಿದ ಮೇಲೆ ಸಂಹಿತೆಯ 100ಎ ಕಲಮಿನಿಂದಾಗಿ ಅದೇ ಹೈಕೋರ್ಟಿನಲ್ಲಿ ಮತ್ತೊಂದು ಮೇಲ್ಮನವಿ ಇರುವುದಿಲ್ಲ. ಎರಡನೇ ಮೇಲ್ಮನವಿ ಎಂಬ ಮೆಟ್ಟಿಲೇ ಅವರಿಗಿಲ್ಲ. ಹೀಗಾಗಿ ಆರ್‌ಎಫ್‌ಎ ಅವರ ಪಾಲಿಗೆ ವಾಸ್ತವಾಂಶದ ಮಟ್ಟಿಗೂ ಕಾನೂನಿನ ಮಟ್ಟಿಗೂ ಹಕ್ಕಾಗಿ ಸಿಗುವ ಕೊನೆಯ ವೇದಿಕೆ.

ದಾವೆ ಇನ್ನೂ ನಡೆಯುತ್ತಿದ್ದರೆ ದಾಖಲೆಯನ್ನು ಈಗಲೇ ಕಟ್ಟಿಕೊಳ್ಳಿ

ಮೇಲ್ಮನವಿ ನ್ಯಾಯಾಲಯ ನೋಡುವುದು ವಿಚಾರಣಾ ನ್ಯಾಯಾಲಯದ ಕಡತವನ್ನು. ಕಡತದಲ್ಲಿಲ್ಲದ ಸಂಗತಿ, ಅದೆಷ್ಟೇ ಸತ್ಯವಾಗಿದ್ದರೂ, ಮೇಲಿನವರ ಕಣ್ಣಿಗೆ ಬೀಳುವುದಿಲ್ಲ. ಆದ್ದರಿಂದ ಮೇಲ್ಮನವಿಯ ಸಿದ್ಧತೆ ಲಿಖಿತ ಹೇಳಿಕೆ ಸಲ್ಲಿಸುವ ದಿನದಿಂದಲೇ ಆರಂಭವಾಗಬೇಕೆಂಬುದು ನನ್ನ ಖಚಿತ ಅಭಿಪ್ರಾಯ.

ಪ್ರತಿವಾದಿಯು ವಾದಪತ್ರದ ಪ್ರತಿಯೊಂದು ಆಪಾದನೆಯನ್ನೂ ನಿರ್ದಿಷ್ಟವಾಗಿ ನಿರಾಕರಿಸಬೇಕು. ಜಾರಿಕೊಳ್ಳುವ ರೀತಿಯ ನಿರಾಕರಣೆಯನ್ನು ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 8ರ ನಿಯಮಗಳಂತೆ ಒಪ್ಪಿಗೆ ಎಂದೇ ತೆಗೆದುಕೊಳ್ಳಬಹುದು. ಹಣ ತೀರಿಸಿದ್ದೇನೆ ಎನ್ನುವವರು ಯಾವ ದಿನ, ಎಷ್ಟು, ಯಾರ ಮುಂದೆ, ನಗದಾಗಿಯೋ ಖಾತೆಯ ಮೂಲಕವೋ ಎಂಬುದನ್ನು ಬರೆಯಬೇಕು. ಎದುರು ಪಕ್ಷದ ಸಾಕ್ಷಿ ಹೇಳಿದ ಮುಖ್ಯ ಸಂಗತಿಯನ್ನು ಪಾಟೀ ಸವಾಲಿನಲ್ಲಿ ಪ್ರಶ್ನಿಸದೆ ಬಿಟ್ಟರೆ ಅದನ್ನು ಒಪ್ಪಿದಂತೆ ಭಾವಿಸುವ ಸಾಧ್ಯತೆ ಹೆಚ್ಚು. ವ್ಯವಹಾರ ಸ್ವತಃ ಬಲ್ಲ ಪಕ್ಷಕಾರರು ಸಾಕ್ಷಿಕಟ್ಟೆ ಹತ್ತಿ ಪ್ರಮಾಣ ಮಾಡಿ ಹೇಳದಿದ್ದರೆ ಅವರ ವಿರುದ್ಧ ಪ್ರತಿಕೂಲ ತೀರ್ಮಾನಕ್ಕೆ ಬರಬಹುದೆಂದು ಸುಪ್ರೀಂ ಕೋರ್ಟ್ ವಿದ್ಯಾಧರ್ ವಿರುದ್ಧ ಮಾಣಿಕ್‌ರಾವ್ ಪ್ರಕರಣದಲ್ಲಿ (1999) ಹೇಳಿದೆ. ಸಾಕ್ಷಿ ನುಡಿಯಲು ಹಿಂಜರಿದು ವಕೀಲರ ವಾದವೊಂದನ್ನೇ ನಂಬಿ ಕೂತವರ ಲೋಪವನ್ನು ಮೇಲಿನ ಯಾವ ನ್ಯಾಯಾಲಯವೂ ತುಂಬಿಕೊಡುವುದಿಲ್ಲ.

ಮುದ್ರಾಂಕದ ಆಕ್ಷೇಪಣೆಗೆ ಸಮಯ ಬಹಳ ಮುಖ್ಯ. ಸಾಕಷ್ಟು ಸ್ಟ್ಯಾಂಪಿಲ್ಲದ ಪ್ರೋನೋಟನ್ನು ದಂಡ ಕಟ್ಟಿಸಿಕೊಂಡು ಸಾಕ್ಷ್ಯವಾಗಿ ಸ್ವೀಕರಿಸಲು ಭಾರತೀಯ ಸ್ಟ್ಯಾಂಪ್ ಕಾಯಿದೆಯ 35ನೇ ಕಲಂ ಬಿಡುವುದಿಲ್ಲ. ಆದರೆ ಯಾರೂ ಆಕ್ಷೇಪಿಸದೆ ಆ ನೋಟು ನಿಶಾನೆಯಾಗಿ (ಗುರುತು ಸಂಖ್ಯೆ ಕೊಟ್ಟ ಸಾಕ್ಷ್ಯ ದಾಖಲೆಯಾಗಿ) ದಾಖಲಾಗಿಬಿಟ್ಟರೆ, 36ನೇ ಕಲಮಿನ ಪ್ರಕಾರ ಅದೇ ದಾವೆಯ ಮುಂದಿನ ಯಾವ ಹಂತದಲ್ಲೂ ಆ ಕಾರಣಕ್ಕೆ ಅದನ್ನು ಪ್ರಶ್ನಿಸುವಂತಿಲ್ಲ. ದಾಖಲೆಗೆ ನಿಶಾನೆ ಹಾಕುವ ಆ ಕೆಲವೇ ಕ್ಷಣಗಳಲ್ಲಿ ಎದ್ದು ನಿಂತು ಆಕ್ಷೇಪ ಹೇಳಿ, ಅದನ್ನು ಬರೆಸಿಕೊಳ್ಳಬೇಕು.

ತೀರ್ಪು ಬಂದ ಕೂಡಲೇ ನಕಲು ಅರ್ಜಿ ಹಾಕಿ, ಗಡುವು ಲೆಕ್ಕ ಹಾಕಿ

ಕಾಲಮಿತಿ ಕಾಯಿದೆ, 1963ರ 116ನೇ ಅನುಚ್ಛೇದದಂತೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಲು 90 ದಿನ, ಬೇರೆ ನ್ಯಾಯಾಲಯಗಳಿಗೆ 30 ದಿನ. ತೀರ್ಪು ಮತ್ತು ಡಿಕ್ರಿಯ ದೃಢೀಕೃತ ನಕಲು ಪಡೆಯಲು ಹಿಡಿದ ಅವಧಿಯನ್ನು 12ನೇ ಕಲಮಿನಂತೆ ಈ ಲೆಕ್ಕದಿಂದ ಕಳೆಯುತ್ತಾರೆ. ಆದರೆ ಕಳೆಯುವುದು ಅರ್ಜಿ ಹಾಕಿದ ನಂತರದ ಅವಧಿಯನ್ನು. ಅರ್ಜಿ ಹಾಕುವ ಮೊದಲು ಸುಮ್ಮನೆ ಕಳೆದ ದಿನಗಳು ನಿಮ್ಮ ಗಡುವಿನಿಂದಲೇ ಹೋಗುತ್ತವೆ. ಹಾಗಾಗಿ ತೀರ್ಪಿನ ಮರುದಿನವೇ ನಕಲು ವಿಭಾಗದಲ್ಲಿ ಅರ್ಜಿ ಸಲ್ಲಿಸುವುದು ಲೇಸು. ಗಡುವು ಮೀರಿದ್ದರೆ 5ನೇ ಕಲಮಿನಡಿ ವಿಳಂಬ ಮನ್ನಾ ಅರ್ಜಿಯನ್ನು ಮೇಲ್ಮನವಿಯ ಜೊತೆಗೇ ಸಲ್ಲಿಸಿ, ತಡವಾದದ್ದಕ್ಕೆ ಕಾರಣಗಳನ್ನು ಪ್ರಮಾಣಪತ್ರದಲ್ಲಿ ವಿವರಿಸಬೇಕು.

ನಿಮ್ಮ ಗೈರುಹಾಜರಿಯಲ್ಲಿ ಏಕಪಕ್ಷೀಯ ಡಿಕ್ರಿಯಾಗಿದ್ದರೆ, ಮೇಲ್ಮನವಿಗಿಂತ ಮೊದಲು ಆದೇಶ 9ರ ನಿಯಮ 13ರ ಅರ್ಜಿಯನ್ನು ಯೋಚಿಸಿ. ಮೇಲ್ಮನವಿಯಲ್ಲಿ ನೀವು ವಾದಿಯ ಸಾಕ್ಷ್ಯದ ದೌರ್ಬಲ್ಯವನ್ನು ಮಾತ್ರ ತೋರಿಸಬಲ್ಲಿರಿ, ಏಕೆಂದರೆ ನಿಮ್ಮ ಸಾಕ್ಷ್ಯ ಕಡತದಲ್ಲಿ ಇರುವುದೇ ಇಲ್ಲ. ನಿಯಮ 13ರ ಅರ್ಜಿ ಮಂಜೂರಾದರೆ ದಾವೆಯೇ ಮತ್ತೆ ತೆರೆದುಕೊಂಡು ನಿಮ್ಮ ಮಾತು ಹೇಳಲು ಅವಕಾಶ ಸಿಗುತ್ತದೆ. ಇದಕ್ಕೂ 30 ದಿನಗಳ ಗಡುವಿದೆ.

ತೀರ್ಪಿನ ಪ್ರತಿ ತೀರ್ಮಾನದ ಪಕ್ಕ ಅದು ವಾಸ್ತವಾಂಶವೋ ಕಾನೂನೋ ಎಂದು ಗುರುತು ಹಾಕಿ

ಈ ಕೆಲಸವನ್ನು ವಕೀಲರಿಗೆ ಮಾತ್ರ ಬಿಡದೆ ಪಕ್ಷಕಾರರೂ ಕೂತು ಮಾಡಬೇಕು. ತೀರ್ಪಿನಲ್ಲಿ ವಿವಾದಾಂಶಗಳ ಪಟ್ಟಿ ಇರುತ್ತದೆ. ಒಂದೊಂದರ ಕೆಳಗೂ ನ್ಯಾಯಾಧೀಶರು ಕಾರಣಗಳನ್ನು ಕೊಟ್ಟಿರುತ್ತಾರೆ. ಆ ಕಾರಣಗಳನ್ನು ಪೆನ್ಸಿಲ್ ಹಿಡಿದು ಓದಿ.

ಒಂದು ಉದಾಹರಣೆಯನ್ನು ಕಲ್ಪಿಸಿಕೊಳ್ಳೋಣ. ವಾದಿಯು 3 ಲಕ್ಷ ರೂಪಾಯಿ ಕೈಸಾಲ ಕೊಟ್ಟು, ಕೇಳಿದಾಗ ಕೊಡುವ ಪ್ರೋನೋಟು ಬರೆಸಿಕೊಂಡಿರುವುದಾಗಿ ಹೇಳುತ್ತಾನೆ. ಚೀಟಿ ವ್ಯವಹಾರಕ್ಕೆ ಭದ್ರತೆಯೆಂದು ಖಾಲಿ ನೋಟಿಗೆ ಸಹಿ ಹಾಕಿ ಕೊಟ್ಟಿದ್ದೆ, ಹಣ ಬಂದಿಲ್ಲ ಎಂಬುದು ಪ್ರತಿವಾದಿಯ ನಿಲುವು. ನೋಟಿನ ಬಿಕ್ಕಲಂದಾರ, ಅಂದರೆ ಅದನ್ನು ಬರೆದವನು, ವಾದಿಯ ಪರವಾಗಿ ಸಾಕ್ಷಿ ನುಡಿದಿದ್ದಾನೆ. ಆದರೆ ಹಣ ಎಣಿಸಿಕೊಟ್ಟದ್ದನ್ನು ತಾನು ನೋಡಿಲ್ಲವೆಂದು ಪಾಟೀ ಸವಾಲಿನಲ್ಲಿ ಒಪ್ಪಿದ್ದಾನೆ. ಇಲ್ಲಿ ಹಣ ಸಂದಿತೇ ಎಂಬುದು ಶುದ್ಧ ವಾಸ್ತವಾಂಶ. ಬಿಕ್ಕಲಂದಾರನನ್ನು ನಂಬಬೇಕೇ ಎಂಬುದೂ ವಾಸ್ತವಾಂಶವೇ. ಆದರೆ ನೋಟು ಬರೆದುಕೊಟ್ಟದ್ದು ರುಜುವಾತಾದ ಮೇಲೆ ಪ್ರತಿಫಲ ಸಂದಿದೆ ಎಂದು ಭಾವಿಸಿಕೊಂಡೇ ನ್ಯಾಯಾಲಯ ಹೊರಡಬೇಕೆಂದು ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯಿದೆ, 1881ರ 118ನೇ ಕಲಂ ಹೇಳುತ್ತದೆ. ಆ ಪೂರ್ವಭಾವನೆಯನ್ನು ಅನ್ವಯಿಸಿದರೇ, ಅದನ್ನು ಅಲ್ಲಗಳೆಯುವ ಹೊಣೆ ಯಾರ ಮೇಲಿದೆ ಎಂಬುದನ್ನು ಸರಿಯಾಗಿ ತಿಳಿದರೇ ಎಂಬುದು ಕಾನೂನಿನ ಪ್ರಶ್ನೆ. ಪ್ರತಿವಾದಿಯು ಪ್ರತಿಫಲವಿಲ್ಲವೆಂಬುದನ್ನು ಸಂಭವನೀಯತೆಯ ಮಟ್ಟದಲ್ಲಿ ತೋರಿಸಿದರೆ ಸಾಕು, ಅದಕ್ಕೆ ವಾದಿಯ ಸಾಕ್ಷ್ಯವನ್ನೇ ಬಳಸಿಕೊಳ್ಳಲೂಬಹುದು ಎಂಬುದು ಸುಪ್ರೀಂ ಕೋರ್ಟಿನ ಭಾರತ್ ಬ್ಯಾರೆಲ್ ಪ್ರಕರಣದ (1999) ತೀರ್ಪಿನಿಂದ ಸ್ಪಷ್ಟ.

ಇದೇ ರೀತಿ ಮತ್ತೆ ಕೆಲವು. ಕೊನೆಯ ಕಂತು ಯಾವ ದಿನ ಪಾವತಿಯಾಯಿತು ಎಂಬುದು ವಾಸ್ತವಾಂಶ. ಆ ಪಾವತಿ ಅಥವಾ ಒಪ್ಪಿಗೆಪತ್ರದಿಂದ ಕಾಲಮಿತಿ ಕಾಯಿದೆಯ 18 ಇಲ್ಲವೇ 19ನೇ ಕಲಮಿನಂತೆ ಹೊಸದಾಗಿ 3 ವರ್ಷ ಆರಂಭವಾಗುತ್ತದೆಯೇ ಎಂಬುದು ಕಾನೂನು. ಗಡುವು ಮೀರಿದ ದಾವೆಯನ್ನು, ಪ್ರತಿವಾದಿ ಆ ತಕರಾರು ಎತ್ತದಿದ್ದರೂ, ವಜಾ ಮಾಡುವುದು ನ್ಯಾಯಾಲಯದ ಕರ್ತವ್ಯವೆಂದು ಅದೇ ಕಾಯಿದೆಯ 3ನೇ ಕಲಂ ಹೇಳುವುದರಿಂದ, ಕಡತದ ಮೇಲ್ನೋಟಕ್ಕೇ ಕಾಣುವ ಕಾಲಮಿತಿಯ ದೋಷ ಮೇಲಿನ ಹಂತದಲ್ಲೂ ಬಲವಾದ ಆಧಾರ. ಲೇವಾದೇವಿದಾರರ ಲೆಕ್ಕದ ಪುಸ್ತಕದಲ್ಲಿ ನಮೂದಿದೆಯೇ ಎಂಬುದು ವಾಸ್ತವಾಂಶ. ಆ ನಮೂದೊಂದರ ಮೇಲೆಯೇ ಹೊಣೆ ಹೊರಿಸಿದ್ದರೆ ಅದು 1872ರ ಸಾಕ್ಷ್ಯ ಕಾಯಿದೆಯ 34ನೇ ಕಲಮಿಗೆ, ಈಗಿನ ಭಾರತೀಯ ಸಾಕ್ಷ್ಯ ಅಧಿನಿಯಮ, 2023ರ 28ನೇ ಕಲಮಿಗೆ ವಿರುದ್ಧವಾದ ಕಾನೂನಿನ ತಪ್ಪು. ಹೊಸ ಅಧಿನಿಯಮ 2024ರ ಜುಲೈ 1ರಿಂದ ಜಾರಿಗೆ ಬಂದಿದ್ದು, ಅದಕ್ಕೆ ಮೊದಲೇ ಬಾಕಿಯಿದ್ದ ದಾವೆಗಳಿಗೆ ಹಳೆಯ ಕಾಯಿದೆಯೇ ಅನ್ವಯಿಸುತ್ತದೆ. ಸಾಲಪತ್ರದಲ್ಲಿ ಏನು ಬರೆದಿದೆ ಎಂಬುದರಲ್ಲಿ ವಿವಾದವಿಲ್ಲದೆ, ಬರೆದದ್ದರ ಕಾನೂನು ಪರಿಣಾಮವೇನು ಎಂಬುದರಲ್ಲಿ ವಿವಾದವಿದ್ದರೆ ಅದೂ ಕಾನೂನಿನ ಪ್ರಶ್ನೆಯೇ.

ಗುರುತು ಹಾಕಿ ಮುಗಿದಾಗ ನಿಮ್ಮ ಪಟ್ಟಿಯಲ್ಲಿ ವಾಸ್ತವಾಂಶಗಳೇ ತುಂಬಿದ್ದರೆ, ಮೊದಲ ಮೇಲ್ಮನವಿಗೆ ನಿಮ್ಮ ಪೂರ್ಣ ಶಕ್ತಿಯನ್ನು ಮೀಸಲಿಡಬೇಕೆಂದು ತಿಳಿಯಿರಿ.

ಮೊದಲ ಮೇಲ್ಮನವಿ: ವಾಸ್ತವಾಂಶವನ್ನು ಮತ್ತೆ ತೆರೆಯುವ ಜಾಗ

ಸಂಹಿತೆಯ 96ನೇ ಕಲಮಿನಡಿ ಬರುವ ಮೊದಲ ಮೇಲ್ಮನವಿ ವಾಸ್ತವಾಂಶ ಮತ್ತು ಕಾನೂನು ಎರಡನ್ನೂ ಮರುಪರಿಶೀಲಿಸುವ ಪೂರ್ಣ ಅವಕಾಶ. ಇದಕ್ಕೂ ಸಣ್ಣ ಮಿತಿಗಳಿವೆ. ರಾಜಿ ಡಿಕ್ರಿಯ ಮೇಲೆ ಮೇಲ್ಮನವಿ ಇಲ್ಲ. ಸಣ್ಣ ದಾವೆಗಳ ನ್ಯಾಯಾಲಯ ವಿಚಾರಿಸಬಹುದಾದ ಸ್ವರೂಪದ, 10,000 ರೂಪಾಯಿ ಮೀರದ ದಾವೆಯಲ್ಲಿ ಮೊದಲ ಮೇಲ್ಮನವಿಯೂ ಕಾನೂನಿನ ಪ್ರಶ್ನೆಗೆ ಸೀಮಿತ. ಜೊತೆಗೆ 99ನೇ ಕಲಮಿನಂತೆ, ಪ್ರಕರಣದ ಸತ್ವಕ್ಕಾಗಲಿ ನ್ಯಾಯಾಲಯದ ಅಧಿಕಾರ ವ್ಯಾಪ್ತಿಗಾಗಲಿ ಧಕ್ಕೆ ತರದ ತಾಂತ್ರಿಕ ಲೋಪಗಳಿಗಾಗಿ ಡಿಕ್ರಿಯನ್ನು ರದ್ದು ಮಾಡುವುದಿಲ್ಲ.

ಮೇಲ್ಮನವಿ ನ್ಯಾಯಾಲಯಕ್ಕೆ ಪೂರ್ಣ ಅಧಿಕಾರವಿದ್ದರೂ, ಸಾಕ್ಷಿಯನ್ನು ಕಣ್ಣಾರೆ ಕಂಡು ಮಾತು ಕೇಳಿದ ವಿಚಾರಣಾ ನ್ಯಾಯಾಧೀಶರ ಅನುಕೂಲವನ್ನು ಅದು ಗೌರವಿಸುತ್ತದೆ. ಎರಡು ಕಡೆಯ ಬಾಯಿಮಾತಿನ ಸಾಕ್ಷ್ಯ ಮಾತ್ರವಿದ್ದು ಯಾರನ್ನು ನಂಬಬೇಕೆಂಬುದಷ್ಟೇ ಪ್ರಶ್ನೆಯಾಗಿರುವಾಗ, ವಿಚಾರಣಾ ನ್ಯಾಯಾಧೀಶರ ಗಮನ ತಪ್ಪಿದ ವಿಶೇಷ ಸಂಗತಿಯೊಂದನ್ನು ತೋರಿಸದೆ ಅವರ ಅಭಿಪ್ರಾಯವನ್ನು ಬದಲಿಸಬಾರದೆಂಬುದು 1951ರ ಸರ್ಜು ಪ್ರಸಾದ್ ಪ್ರಕರಣದಿಂದಲೂ ಬಂದ ತತ್ವ. ಆದ್ದರಿಂದ ಮೇಲ್ಮನವಿಯ ಆಧಾರಗಳಲ್ಲಿ ಆ ಗಮನ ತಪ್ಪಿದ ಸಂಗತಿಯ ಮೇಲೇ ಬೆರಳಿಟ್ಟು ತೋರಿಸಬೇಕು.

ಬಹಳಷ್ಟು ಮೇಲ್ಮನವಿಗಳಲ್ಲಿ "ಅಧೀನ ನ್ಯಾಯಾಲಯದ ತೀರ್ಪು ಕಾನೂನಿಗೂ ವಾಸ್ತವಾಂಶಗಳಿಗೂ ವಿರುದ್ಧವಾಗಿದೆ" ಎಂಬ ಸಾಲೇ ಮೊದಲನೆಯದಾಗಿರುತ್ತದೆ. ಈ ಸಾಲಿನಿಂದ ಏನೂ ತಿಳಿಯುವುದಿಲ್ಲ. ಮೇಲಿನ ಉದಾಹರಣೆಯ ಪ್ರತಿವಾದಿ ಬರೆಯಬೇಕಾದದ್ದು ಹೀಗೆ (ನಿಶಾನೆ ಪಿ-1 ಎಂದರೆ ಆ ನೋಟು, ಪಿ.ಡಬ್ಲ್ಯೂ-2 ಎಂದರೆ ವಾದಿಯ ಎರಡನೇ ಸಾಕ್ಷಿ): "ನಿಶಾನೆ ಪಿ-1ರ ಬಿಕ್ಕಲಂದಾರನಾದ ಪಿ.ಡಬ್ಲ್ಯೂ-2, ಹಣ ಎಣಿಸಿ ಕೊಟ್ಟದ್ದನ್ನು ತಾನು ನೋಡಿಲ್ಲವೆಂದು ಪಾಟೀ ಸವಾಲಿನಲ್ಲಿ ಒಪ್ಪಿಕೊಂಡಿದ್ದಾನೆ. ವಿಚಾರಣಾ ನ್ಯಾಯಾಲಯ ಅವನ ಮುಖ್ಯ ವಿಚಾರಣೆಯ ಹೇಳಿಕೆಯನ್ನು ಮಾತ್ರ ಉಲ್ಲೇಖಿಸಿ, ಈ ಒಪ್ಪಿಗೆಯನ್ನು ತೀರ್ಪಿನಲ್ಲಿ ಎಲ್ಲಿಯೂ ಪರಿಗಣಿಸದೆ ಹಣ ಪಾವತಿ ರುಜುವಾತಾಗಿದೆ ಎಂದು ತೀರ್ಮಾನಿಸಿದೆ." ಸಾಕ್ಷಿ ಯಾರು, ಏನು ಹೇಳಿದರು, ತೀರ್ಪಿನ ಯಾವ ಪ್ಯಾರಾದಲ್ಲಿ ಅದು ಬಿಟ್ಟುಹೋಗಿದೆ ಎಂಬ ಮೂರೂ ಇದರಲ್ಲಿ ಸಿಗಬೇಕು. ಆಧಾರಪತ್ರದಲ್ಲಿಲ್ಲದ ಆಕ್ಷೇಪವನ್ನು ನ್ಯಾಯಾಲಯದ ಅನುಮತಿಯಿಲ್ಲದೆ ವಾದಿಸಲಾಗದೆಂದು ಆದೇಶ 41ರ ನಿಯಮ 2 ಹೇಳುವುದರಿಂದ, ಎಲ್ಲ ನಿಜವಾದ ಆಕ್ಷೇಪಗಳನ್ನೂ ಮೊದಲೇ ಸೇರಿಸಿ.

ಇನ್ನೊಂದು ಕಡೆ, ಮೊದಲ ಮೇಲ್ಮನವಿ ನ್ಯಾಯಾಲಯಕ್ಕೂ ಬಾಧ್ಯತೆಗಳಿವೆ. ನಿಯಮ 31ರಂತೆ ಅದರ ತೀರ್ಪಿನಲ್ಲಿ ನಿರ್ಧಾರಕ್ಕೆ ಬರಬೇಕಾದ ಅಂಶಗಳು, ಅವುಗಳ ಮೇಲಿನ ತೀರ್ಮಾನ, ಕಾರಣಗಳು ಮತ್ತು ಕೊಟ್ಟ ಪರಿಹಾರ ಇರಲೇಬೇಕು. ಸಂತೋಷ್ ಹಜಾರಿ ಪ್ರಕರಣದಲ್ಲಿ (2001) ಸುಪ್ರೀಂ ಕೋರ್ಟ್, ವಿಚಾರಣಾ ನ್ಯಾಯಾಲಯದ ತೀರ್ಮಾನವನ್ನು ತಿರುವುಮುರುವು ಮಾಡುವ ಮೇಲ್ಮನವಿ ನ್ಯಾಯಾಲಯ ಆ ಕಾರಣಗಳನ್ನು ಒಂದೊಂದಾಗಿ ಎದುರಿಸಿ ಉತ್ತರಿಸಬೇಕೆಂದು ಹೇಳಿತು. ನಮ್ಮ ರಾಜ್ಯದಿಂದಲೇ ಹೋದ ಬಿ.ವಿ. ನಾಗೇಶ್ ವಿರುದ್ಧ ಎಚ್.ವಿ. ಶ್ರೀನಿವಾಸಮೂರ್ತಿ ಪ್ರಕರಣದಲ್ಲಿ (2010), ಮೊದಲ ಮೇಲ್ಮನವಿಯನ್ನು ಸಾಕ್ಷ್ಯದ ಚರ್ಚೆಯಿಲ್ಲದೆ ಸಂಕ್ಷಿಪ್ತವಾಗಿ ಮುಗಿಸಿದ ಹೈಕೋರ್ಟ್ ತೀರ್ಪನ್ನು ರದ್ದುಪಡಿಸಿ ಮರುವಿಚಾರಣೆಗೆ ಕಳಿಸಲಾಯಿತು. ವಾದದ ದಿನ ನಿಮ್ಮ ಲಿಖಿತ ವಾದವನ್ನು ಸಲ್ಲಿಸಿ ಕಡತಕ್ಕೆ ಸೇರಿಸಿದ್ದರೆ, ಯಾವ ಅಂಶಕ್ಕೆ ಉತ್ತರ ಬಂದಿಲ್ಲವೆಂಬುದನ್ನು ಮುಂದೆ ತೋರಿಸುವುದು ಸುಲಭವಾಗುತ್ತದೆ.

ಗೆದ್ದವರೂ ಸುಮ್ಮನಿರಬಾರದು. 5 ಲಕ್ಷಕ್ಕೆ ದಾವೆ ಹೂಡಿ 3 ಲಕ್ಷಕ್ಕೆ ಡಿಕ್ರಿ ಪಡೆದ ವಾದಿ, ಪ್ರತಿವಾದಿಯ ಮೇಲ್ಮನವಿಯ ನೋಟಿಸು ಜಾರಿಯಾದ ಒಂದು ತಿಂಗಳೊಳಗೆ ಉಳಿದ 2 ಲಕ್ಷಕ್ಕಾಗಿ ನಿಯಮ 22ರಡಿ ಪ್ರತ್ಯಾಕ್ಷೇಪ ಸಲ್ಲಿಸಬಹುದು. ಇದಲ್ಲದೆ, ಎದುರು ಪಕ್ಷ ನಿಮಗೆ ತಿಳಿಯದಂತೆ ತಡೆಯಾಜ್ಞೆ ಪಡೆಯದಿರಲು 148ಎ ಕಲಮಿನಡಿ ಕೇವಿಯಟ್, ಅಂದರೆ ನನ್ನ ಮಾತು ಕೇಳದೆ ಆದೇಶ ಮಾಡಬೇಡಿ ಎಂಬ ಅರ್ಜಿ, ಹಾಕಿಡಿ. ಅದು 90 ದಿನ ಚಾಲ್ತಿಯಲ್ಲಿರುತ್ತದೆ.

ತಡೆಯಾಜ್ಞೆ ಮತ್ತು ಠೇವಣಿ

ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿಯ ಅಮಲ್ಜಾರಿ ನಿಲ್ಲುವುದಿಲ್ಲ. ಆದೇಶ 41ರ ನಿಯಮ 5ರಡಿ ಪ್ರತ್ಯೇಕ ಅರ್ಜಿ ಬೇಕು. ಹಣದ ಡಿಕ್ರಿಯಾಗಿದ್ದರೆ ವಿವಾದಿತ ಮೊತ್ತವನ್ನು ಠೇವಣಿ ಇಡಲು ಅಥವಾ ಭದ್ರತೆ ಕೊಡಲು ನ್ಯಾಯಾಲಯ ಕಾಲಾವಕಾಶ ನೀಡುತ್ತದೆ, ಅದನ್ನು ಪಾಲಿಸದವರಿಗೆ ತಡೆಯಾಜ್ಞೆ ಸಿಗುವುದು ಕಷ್ಟ. ಮೇಲ್ಮನವಿಯಲ್ಲಿ ಪ್ರಶ್ನಿಸಿದ ಮೊತ್ತಕ್ಕೆ ಕೋರ್ಟ್ ಫೀ ಕೂಡ ಕಟ್ಟಬೇಕಾಗುವುದರಿಂದ, ಇವೆರಡನ್ನೂ ಕೂಡಿಸಿ ಕೈಯಲ್ಲಿ ಎಷ್ಟಿರಬೇಕೆಂದು ಮೊದಲೇ ಲೆಕ್ಕ ಹಾಕಿಕೊಳ್ಳಿ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಹಾಗೂ ನಿಗದಿತ ಮಿತಿಯೊಳಗಿನ ಆದಾಯದವರಿಗೆ ಕಾನೂನು ಸೇವೆಗಳ ಪ್ರಾಧಿಕಾರದ ಮೂಲಕ ಉಚಿತ ವಕೀಲರ ನೆರವು ಮೇಲ್ಮನವಿಗೂ ಸಿಗುತ್ತದೆ.

ಹೊಸ ಸಾಕ್ಷ್ಯ ತರಲು ಇರುವ ಕಿಂಡಿ ಬಹಳ ಕಿರಿದು

ಮನೆಯ ಪೆಟ್ಟಿಗೆಯಲ್ಲಿ ಹಳೆಯ ರಸೀದಿ ಸಿಕ್ಕಿತೆಂದು ಮೇಲ್ಮನವಿಯಲ್ಲಿ ಅದನ್ನು ಹಾಜರುಪಡಿಸಲು ಬರುವವರಿಗೆ ಆದೇಶ 41ರ ನಿಯಮ 27 ಮೂರು ಸಂದರ್ಭಗಳಲ್ಲಿ ಮಾತ್ರ ದಾರಿ ಬಿಡುತ್ತದೆ. ಒಂದು, ವಿಚಾರಣಾ ನ್ಯಾಯಾಲಯ ಸ್ವೀಕರಿಸಬೇಕಾಗಿದ್ದ ಸಾಕ್ಷ್ಯವನ್ನು ನಿರಾಕರಿಸಿದ್ದು. ಎರಡು, ತಕ್ಕ ಶ್ರದ್ಧೆ ವಹಿಸಿದ್ದರೂ ಆ ಸಾಕ್ಷ್ಯ ಆಗ ತಿಳಿದಿರಲಿಲ್ಲ ಅಥವಾ ಹಾಜರುಪಡಿಸಲಾಗಲಿಲ್ಲವೆಂದು ತೋರಿಸುವುದು. ಮೂರು, ತೀರ್ಪು ಕೊಡಲು ಅದು ಬೇಕೆಂದು ಮೇಲ್ಮನವಿ ನ್ಯಾಯಾಲಯಕ್ಕೇ ಅನ್ನಿಸುವುದು. ನಿಮ್ಮದೇ ಬ್ಯಾಂಕ್ ಖಾತೆಯ ವಿವರ ಎರಡನೆಯ ಗುಂಪಿಗೆ ಸೇರುವುದು ಕಷ್ಟ, ಏಕೆಂದರೆ ಅದನ್ನು ಯಾವಾಗ ಬೇಕಾದರೂ ತರಿಸಬಹುದಾಗಿತ್ತು ಎಂಬ ಉತ್ತರಕ್ಕೆ ಮರುಮಾತಿರುವುದಿಲ್ಲ.

ಎರಡನೇ ಮೇಲ್ಮನವಿ: ಇಲ್ಲಿ ಏನನ್ನು ಕೇಳಬಹುದು, ಏನನ್ನು ಕೇಳಬಾರದು

ಮೊದಲು ಸಂಹಿತೆಯ 102ನೇ ಕಲಂ ನೋಡಿ. ಮೂಲ ದಾವೆ 25,000 ರೂಪಾಯಿ ಮೀರದ ಹಣ ವಸೂಲಿಗಾಗಿದ್ದರೆ ಎರಡನೇ ಮೇಲ್ಮನವಿಯೇ ಇಲ್ಲ. ಈ ಮಿತಿ ದಾಟಿದವರು 100ನೇ ಕಲಮಿನಡಿ ಹೈಕೋರ್ಟಿನಲ್ಲಿ, ಅಂದರೆ ಬೆಂಗಳೂರಿನ ಪ್ರಧಾನ ಪೀಠದಲ್ಲಿ ಅಥವಾ ತಮ್ಮ ಜಿಲ್ಲೆಗೆ ಅನುಗುಣವಾಗಿ ಧಾರವಾಡ, ಕಲಬುರಗಿ ಪೀಠಗಳಲ್ಲಿ ರೆಗ್ಯುಲರ್ ಸೆಕೆಂಡ್ ಅಪೀಲ್ ಎಂಬ ಆರ್‌ಎಸ್‌ಎ ಹೂಡಬಹುದು. 1976ರ ತಿದ್ದುಪಡಿ ಜಾರಿಗೆ ಬಂದ 1977ರ ಫೆಬ್ರವರಿ 1ರಿಂದ, ಪ್ರಕರಣದಲ್ಲಿ ಮಹತ್ವದ ಕಾನೂನು ಪ್ರಶ್ನೆ ಇದ್ದರೆ ಮಾತ್ರ ಹೈಕೋರ್ಟ್ ಅದನ್ನು ಕೈಗೆತ್ತಿಕೊಳ್ಳಬೇಕು; ಮೇಲ್ಮನವಿದಾರ ಆ ಪ್ರಶ್ನೆಯನ್ನು ನಿಖರವಾಗಿ ಬರೆಯಬೇಕು, ಒಪ್ಪಿಗೆಯಾದರೆ ಹೈಕೋರ್ಟ್ ಅದನ್ನು ರೂಪಿಸಿ ಆ ಪ್ರಶ್ನೆಯ ಮೇಲೆಯೇ ವಾದ ಕೇಳಬೇಕು. ಎದುರು ಪಕ್ಷಕ್ಕೆ, ಅಂಥ ಪ್ರಶ್ನೆಯೇ ಇಲ್ಲಿ ಉದ್ಭವಿಸುವುದಿಲ್ಲವೆಂದು ವಾದಿಸುವ ಹಕ್ಕಿದೆ. ಪ್ರಶ್ನೆ ರೂಪಿಸದೆಯೇ ಕೆಳಗಿನ ತೀರ್ಪನ್ನು ಬದಲಿಸಿದರೆ ಆ ಆದೇಶ ಸುಪ್ರೀಂ ಕೋರ್ಟಿನಲ್ಲಿ ನಿಲ್ಲುವುದಿಲ್ಲ.

ಕೆಳಗಿನ ತೀರ್ಮಾನ ಎಷ್ಟೇ ದೊಡ್ಡ ತಪ್ಪಾಗಿ ಕಂಡರೂ, ಅದು ವಾಸ್ತವಾಂಶದ ತಪ್ಪಾಗಿದ್ದರೆ ಎರಡನೇ ಮೇಲ್ಮನವಿಯಲ್ಲಿ ಕೈಹಾಕಲಾಗದೆಂದು ಬ್ರಿಟಿಷರ ಕಾಲದ ಅತ್ಯುನ್ನತ ಮೇಲ್ಮನವಿ ವೇದಿಕೆಯಾಗಿದ್ದ ಪ್ರಿವಿ ಕೌನ್ಸಿಲ್ 1890ರಲ್ಲೇ ದುರ್ಗಾ ಚೌಧರಾಣಿ ಪ್ರಕರಣದಲ್ಲಿ ಹೇಳಿತ್ತು. ಸೋತವರಿಗೆ ಇದು ಕಠಿಣವಾಗಿ ಕಾಣುವುದು ಸಹಜ. ಆದರೆ ಸಾಲ ಕೊಟ್ಟು ಎರಡು ನ್ಯಾಯಾಲಯಗಳಲ್ಲಿ ಗೆದ್ದವರು ಮೂರನೆಯದರಲ್ಲೂ ಅದೇ ಸಾಕ್ಷಿಗಳ ಮಾತನ್ನು ಮತ್ತೆ ಸಮರ್ಥಿಸುತ್ತ ಕೂರಬೇಕಾದರೆ ಡಿಕ್ರಿಗೆ ಬೆಲೆಯೇ ಇರುವುದಿಲ್ಲ ಎಂಬುದನ್ನೂ ಒಪ್ಪಬೇಕು.

ಹಾಗೆಂದು ಬಾಗಿಲು ಪೂರ್ತಿ ಮುಚ್ಚಿಲ್ಲ. ಹೀರೋ ವಿನೋತ್ ವಿರುದ್ಧ ಶೇಷಮ್ಮಾಳ್ ಪ್ರಕರಣದಲ್ಲಿ (2006) ಸುಪ್ರೀಂ ಕೋರ್ಟ್ ಸಾಮಾನ್ಯ ನಿಯಮಕ್ಕೆ ಇರುವ ವಿನಾಯಿತಿಗಳನ್ನು ಗುರುತಿಸಿತು: ಕೆಳಗಿನ ನ್ಯಾಯಾಲಯಗಳು ಮುಖ್ಯ ಸಾಕ್ಷ್ಯವನ್ನು ಕಡೆಗಣಿಸಿದ್ದರೆ ಅಥವಾ ಸಾಕ್ಷ್ಯವೇ ಇಲ್ಲದೆ ತೀರ್ಮಾನಿಸಿದ್ದರೆ, ರುಜುವಾತಾದ ಸಂಗತಿಗಳಿಂದ ಕಾನೂನನ್ನು ತಪ್ಪಾಗಿ ಅನ್ವಯಿಸಿ ತಪ್ಪು ನಿರ್ಣಯಕ್ಕೆ ಬಂದಿದ್ದರೆ, ರುಜುವಾತಿನ ಹೊಣೆಯನ್ನು ಹೊರಬಾರದವರ ಮೇಲೆ ಹೊರಿಸಿದ್ದರೆ ಹೈಕೋರ್ಟ್ ಮಧ್ಯೆ ಬರಬಹುದು. ಮೊದಲ ಮೇಲ್ಮನವಿ ನ್ಯಾಯಾಲಯ ತೀರ್ಮಾನಿಸದೆ ಬಿಟ್ಟ ಅಥವಾ ಕಾನೂನಿನ ತಪ್ಪಿನಿಂದಾಗಿ ತಪ್ಪಾಗಿ ತೀರ್ಮಾನಿಸಿದ ವಾಸ್ತವಾಂಶವನ್ನು, ಕಡತದಲ್ಲಿ ಸಾಕಷ್ಟು ಸಾಕ್ಷ್ಯವಿದ್ದರೆ, 103ನೇ ಕಲಮಿನಡಿ ಹೈಕೋರ್ಟೇ ತೀರ್ಮಾನಿಸಬಹುದು.

ನಮ್ಮ ಉದಾಹರಣೆಗೆ ಮರಳಿದರೆ, "ಹಣ ಸಂದಿದೆ ಎಂಬ ತೀರ್ಮಾನ ಸರಿಯೇ?" ಎಂದು ಕೇಳಿದ ಎರಡನೇ ಮೇಲ್ಮನವಿ ದಾಖಲಾತಿ ಹಂತದಲ್ಲೇ ವಜಾ ಆಗುತ್ತದೆ. ಎರಡೂ ನ್ಯಾಯಾಲಯಗಳು ಬಿಕ್ಕಲಂದಾರನ ಒಪ್ಪಿಗೆಯನ್ನು ಓದಿ, ಚರ್ಚಿಸಿ, ಆದರೂ ವಾದಿಯನ್ನು ನಂಬಿದ್ದರೆ ಪ್ರತಿವಾದಿಗೆ ಮುಂದೆ ಹೋಗಲು ಏನೂ ಉಳಿದಿಲ್ಲವೆಂದೇ ನಾನು ಹೇಳುತ್ತೇನೆ. ಅದರ ಬದಲು, ನೋಟು ಬರೆದುಕೊಟ್ಟದ್ದನ್ನು ಪ್ರತಿವಾದಿ ಒಪ್ಪಿದ್ದಾನೆಂದು ದಾಖಲಿಸಿದ ಮೇಲೂ ವಾದಿಯೇ ಹಣದ ಮೂಲವನ್ನು ರುಜುವಾತುಪಡಿಸಬೇಕಿತ್ತೆಂದು ಹೇಳಿ ಮೊದಲ ಮೇಲ್ಮನವಿ ನ್ಯಾಯಾಲಯ ದಾವೆಯನ್ನು ವಜಾ ಮಾಡಿದೆ ಎಂದುಕೊಳ್ಳಿ. ಆಗ ವಾದಿ ಹೀಗೆ ಪ್ರಶ್ನೆ ರೂಪಿಸಬಹುದು: "ನಿಶಾನೆ ಪಿ-1 ಬರೆದುಕೊಟ್ಟದ್ದು ರುಜುವಾತಾಗಿದೆಯೆಂದು ತೀರ್ಮಾನಿಸಿದ ಮೇಲೂ 118ನೇ ಕಲಮಿನ ಪೂರ್ವಭಾವನೆಯನ್ನು ಅನ್ವಯಿಸದೆ, ಪ್ರತಿಫಲದ ರುಜುವಾತಿನ ಹೊಣೆಯನ್ನು ವಾದಿಯ ಮೇಲೆಯೇ ಹೊರಿಸಿದ ಮೊದಲ ಮೇಲ್ಮನವಿ ನ್ಯಾಯಾಲಯದ ಕ್ರಮ ಕಾನೂನಿಗೆ ಸಮ್ಮತವೇ?" ಪ್ರಶ್ನೆಯ ಬುಡ ಕಡತದಲ್ಲೂ ವಾದಪತ್ರದಲ್ಲೂ ಇರಬೇಕು, ಅದರ ಉತ್ತರ ಪ್ರಕರಣದ ಫಲಿತಾಂಶವನ್ನು ಬದಲಿಸುವಂತಿರಬೇಕು. ಹತ್ತು ಪ್ರಶ್ನೆಗಳ ಪಟ್ಟಿಗಿಂತ ಇಂಥ ಒಂದು ಪ್ರಶ್ನೆ ಮೇಲು.

ವಕೀಲರ ಅಭಿಪ್ರಾಯ ಕೇಳುವಾಗ "ಗೆಲ್ಲುತ್ತೇವೆಯೇ" ಎಂದು ಕೇಳುವ ಬದಲು, "ನೀವು ರೂಪಿಸುವ ಕಾನೂನು ಪ್ರಶ್ನೆ ಯಾವುದು, ಅದನ್ನು ಒಂದು ವಾಕ್ಯದಲ್ಲಿ ಬರೆದುಕೊಡಿ" ಎಂದು ಕೇಳಿ. ಆ ವಾಕ್ಯ ಬರೆಯಲಾಗದಿದ್ದರೆ ಖರ್ಚು ಮಾಡುವ ಮೊದಲು ಎರಡು ಸಲ ಯೋಚಿಸಿ.

ಆಮೇಲೆ ಉಳಿಯುವುದು

ಸಂವಿಧಾನದ 136ನೇ ವಿಧಿಯಡಿ ಸುಪ್ರೀಂ ಕೋರ್ಟಿಗೆ ವಿಶೇಷ ಅನುಮತಿ ಅರ್ಜಿ ಸಲ್ಲಿಸಬಹುದಾದರೂ ಅದು ನ್ಯಾಯಾಲಯದ ವಿವೇಚನೆಗೆ ಬಿಟ್ಟ ವಿಷಯ. ಕೆಳಗಿನ ನ್ಯಾಯಾಲಯಗಳು ಒಮ್ಮತದಿಂದ ಒಪ್ಪಿದ ವಾಸ್ತವಾಂಶವನ್ನು ಅಲ್ಲಿ ಕೆದಕುವುದು ಅಪರೂಪ. ಆದೇಶ 47ರ ಪುನರ್ವಿಮರ್ಶೆ ಅರ್ಜಿ, ಕಡತದ ಮೇಲ್ನೋಟಕ್ಕೆ ಕಾಣುವ ತಪ್ಪು ಅಥವಾ ಶ್ರದ್ಧೆ ವಹಿಸಿಯೂ ಮೊದಲು ಸಿಗದ ಹೊಸ ಸಾಕ್ಷ್ಯದಂಥ ಕಾರಣಗಳಿಗೆ ಮೀಸಲು. ಸಾಕ್ಷ್ಯವನ್ನು ಮತ್ತೆ ತೂಗಿ ನೋಡಿ ಎಂದು ಕೇಳಲು ಅದು ದಾರಿಯಲ್ಲ.

ಮೇಲ್ಮನವಿ ಬಾಕಿಯಿರುವಾಗಲೇ ಲೋಕ ಅದಾಲತ್‌ನಲ್ಲಿ ರಾಜಿಯಾಗಬಹುದು. ವಾಸ್ತವಾಂಶದಲ್ಲಿ ದುರ್ಬಲವಾಗಿರುವವರಿಗೆ, ಕಂತುಗಳಲ್ಲಿ ತೀರಿಸಲು ಮತ್ತು ಬಡ್ಡಿಯಲ್ಲಿ ರಿಯಾಯಿತಿ ಕೇಳಲು ಇದಕ್ಕಿಂತ ಒಳ್ಳೆಯ ಜಾಗ ಸಿಗುವುದು ಕಷ್ಟ. ಆದರೆ ಲೋಕ ಅದಾಲತ್‌ನ ಐತೀರ್ಪಿನ ಮೇಲೆ ಯಾವ ನ್ಯಾಯಾಲಯಕ್ಕೂ ಮೇಲ್ಮನವಿ ಇಲ್ಲವೆಂದು ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯಿದೆ, 1987ರ 21ನೇ ಕಲಂ ಹೇಳುತ್ತದೆ. ಆದ್ದರಿಂದ ಸಹಿ ಹಾಕುವ ಮೊದಲು ಒಟ್ಟು ಮೊತ್ತ, ಪ್ರತಿ ಕಂತಿನ ದಿನಾಂಕ, ಒಂದು ಕಂತು ತಪ್ಪಿದರೆ ಪೂರ್ತಿ ಮೊತ್ತ ಒಮ್ಮೆಗೇ ವಸೂಲಿಯಾಗುತ್ತದೆಯೇ, ಎದುರು ಪಕ್ಷ ಹೂಡಿರುವ ಚೆಕ್ ಪ್ರಕರಣವೂ ಇದರಲ್ಲಿ ಮುಗಿಯುತ್ತದೆಯೇ, ಅಸಲು ಪ್ರೋನೋಟು ಮತ್ತು ಭದ್ರತೆಗೆ ಕೊಟ್ಟ ಚೆಕ್ಕುಗಳು ಯಾವಾಗ ವಾಪಸು ಬರುತ್ತವೆ ಎಂಬಿಷ್ಟೂ ರಾಜಿ ಪತ್ರದಲ್ಲಿ ಬರವಣಿಗೆಯಲ್ಲೇ ಇದೆಯೆಂದು ಓದಿ ಖಚಿತಪಡಿಸಿಕೊಳ್ಳಿ.